ನಂದಗಿರಿಯ ಕೋಟೆಯೂ ಅದರ ತಪ್ಪಲಿನ ನಗರಗಳೂ

ಬೆಂಗಳೂರಿನಿಂದ ಉತ್ತರಕ್ಕೆ ದೇವನಹಳ್ಳಿಯನ್ನು ದಾಟಿ ಹೋಗುವವರ ಕಣ್ಣಿಗೆ ಬಯಲಿನ ಅಂಚಿನಲ್ಲಿ ಒಂದು ಬೆಟ್ಟದ ಸಾಲು ಎದ್ದು ತೋರುವುದು. ಆ ಸಾಲಿನಲ್ಲಿ ಹೆಸರುವಾಸಿಯಾದುದು ನಂದಿದುರ್ಗ. ಸಮುದ್ರಮಟ್ಟದಿಂದ ಅದರ ಎತ್ತರವು 4,851 ಅಡಿ. ಬೆಟ್ಟವು ಹಿಂದೆ ಕೋಲಾರದ ಸೀಮೆಗೆ ಸೇರಿದ್ದಿತು. 2007ರಿಂದ ಈಚೆಗೆ ಚಿಕ್ಕಬಳ್ಳಾಪುರ ಜಿಲ್ಲೆಗೆ ಸೇರಿದೆ. ಆದರೆ ಜಿಲ್ಲೆಗಳ ಗಡಿಯನ್ನು ನೋಡಿ ಈ ಬೆಟ್ಟದ ಚರಿತ್ರೆಯನ್ನು ಬರೆಯಲಾಗದು. ಅದರ ಪಡುವಣ ಮತ್ತು ತೆಂಕಣ ತಪ್ಪಲುಗಳು ದೊಡ್ಡಬಳ್ಳಾಪುರ, ದೇವನಹಳ್ಳಿಗಳ ನೆಲಕ್ಕೆ ಇಳಿಯುತ್ತವೆ. ಅರ್ಕಾವತಿಯು ಇಲ್ಲಿ ಹುಟ್ಟಿ ದೊಡ್ಡಬಳ್ಳಾಪುರದ ಕೆರೆಗಳ ಕಡೆಗೆ ಹರಿಯುತ್ತದೆ. ಇದೇ ಗಿರಿಪಂಕ್ತಿಯಲ್ಲಿ ಹುಟ್ಟುವ ದಕ್ಷಿಣಪಿನಾಕಿನಿಯು ಹೊಸಕೋಟೆಯ ಕಡೆಗೆ ಇಳಿಯುತ್ತದೆ. ಕೆಳಗಿನ ಊರುಗಳಿಗೆ ನೀರನ್ನು ಕೊಡುವ ಬೆಟ್ಟವು, ಆಪತ್ಕಾಲದಲ್ಲಿ ಆ ಊರುಗಳವರಿಗೆ ಆಸರೆಯನ್ನೂ ಕೊಡುತ್ತಿದ್ದಿತೆಂಬುದು ಈ ದುರ್ಗದ ವೃತ್ತಾಂತವನ್ನು ತಿಳಿಯುವುದಕ್ಕೆ ಮೊದಲ ಸೂತ್ರ.

ನಂದಿದುರ್ಗವೆಂದ ಕೂಡಲೆ ಟಿಪ್ಪು ಸುಲ್ತಾನನ ಹೆಸರೇ ಎಲ್ಲರ ಬಾಯಿಗೆ ಬರುವುದು ವಾಡಿಕೆ. ಅಲ್ಲಿಯ ಕಡಿದಾದ ಬಂಡೆಗೆ ಅವನ ಹೆಸರು, ಕಿರಿದಾದ ಬೇಸಿಗೆಯ ಮಹಲಿಗೆ ಅವನ ಹೆಸರು, ಕೋಟೆಗೂ ಅವನದೇ ಹೆಸರು. ಇದಕ್ಕೆ ಎದುರಾಗಿ, ಇದು ಗಂಗರ ಕಾಲದ ಕೋಟೆಯೆಂದೂ, ಗಂಗರಾಜ್ಯದ ಮೂಲಸ್ಥಾನವೇ ಈ ಬೆಟ್ಟವೆಂದೂ ಹೇಳುವವರುಂಟು. ಈ ಎರಡು ಮಾತುಗಳಲ್ಲಿ ಒಂದೊಂದರಲ್ಲಿಯೂ ಸ್ವಲ್ಪ ಸತ್ಯವಿದೆ. ಆದರೆ ಎರಡರಲ್ಲಿಯೂ ಒಂದೇ ಬಗೆಯ ಕೊರತೆಯಿದೆ. ಎರಡು ಪಕ್ಷದವರೂ ಬೆಟ್ಟದ ನೆತ್ತಿಯನ್ನು ಮಾತ್ರ ನೋಡುತ್ತಾರೆ, ಬುಡವನ್ನು ನೋಡುವುದಿಲ್ಲ.

ಮೊದಲು ಗಂಗರ ವಿಷಯ. ತಲಕಾಡಿನ ಗಂಗರ ಬಿರುದುಗಳಲ್ಲಿ 'ಕುವಳಾಲಪುರವರೇಶ್ವರ' ಎಂಬುದೂ 'ನಂದಗಿರಿನಾಥ' ಎಂಬುದೂ ಪ್ರಸಿದ್ಧವಾದವು. ಕುವಳಾಲವೆಂದರೆ ಈಗಿನ ಕೋಲಾರ. ನಂದಗಿರಿಯೆಂದರೆ ಈ ನಂದಿಯ ಬೆಟ್ಟ. ಶಿವಮೊಗ್ಗೆಯ ಕಲ್ಲೂರುಗುಡ್ಡದಲ್ಲಿರುವ 12ನೆಯ ಶತಮಾನದ ಆದಿಭಾಗದ ಶಾಸನವು ಗಂಗವಂಶದ ಉತ್ಪತ್ತಿಯನ್ನು ವಿಸ್ತಾರವಾಗಿ ಹೇಳುತ್ತದೆ. ಸಿಂಹನಂದ್ಯಾಚಾರ್ಯರ ಅನುಗ್ರಹವನ್ನು ಪಡೆದ ದಡಿಗ ಮಾಧವರೆಂಬ ಇಬ್ಬರು ರಾಜಪುತ್ರರಿಗೆ ನಂದಗಿರಿಯು ಕೋಟೆಯೂ, ಕುವಳಾಲವು ಪಟ್ಟಣವೂ, ತೊಂಬತ್ತಾರುಸಾಸಿರವು ನಾಡೂ ಆದುವೆಂದು ಅದರ ತಾತ್ಪರ್ಯ. ಬೆಟ್ಟವು ಕೋಟೆಯಾಗಿದ್ದಿತೆಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಮಾತು ಬೇಕೆ ಎಂದು ತೋರಬಹುದು. ಆದರೆ ಈ ಶಾಸನವು ತಾನು ಹೇಳುವ ಸಂಗತಿಗೆ ಸುಮಾರು ಏಳೆಂಟು ನೂರು ವರ್ಷ ಈಚಿನದು. ಬರೆಯಿಸಿದವರು ಮೂಲ ಗಂಗರಲ್ಲ. ಆ ವಂಶದಲ್ಲಿ ಹುಟ್ಟಿದೆವೆಂದು ಹೇಳಿಕೊಂಡು ಮಲೆನಾಡಿನ ಸೀಮೆಯನ್ನು ಆಳುತ್ತಿದ್ದ ಮಾಂಡಲಿಕರು. ಕೋಲಾರವಾಗಲಿ ನಂದಿಯಾಗಲಿ ಅವರ ಅಧೀನದಲ್ಲಿರಲಿಲ್ಲ. ಬಿರುದು ಭೂಮಿಗಿಂತ ಹೆಚ್ಚು ಕಾಲ ಬಾಳುತ್ತದೆಂಬುದನ್ನು ನಮ್ಮ ಶಾಸನಗಳನ್ನು ಓದಿದವರೆಲ್ಲರೂ ಬಲ್ಲರು. ಆದಕಾರಣ ನಂದಗಿರಿನಾಥನೆಂಬ ಒಂದು ಪದದಿಂದ ಬೆಟ್ಟದ ಮೇಲೆ ಗೋಡೆಯನ್ನು ಕಟ್ಟಿ ನಿಲ್ಲಿಸಲಾಗದು.

ಹಾಗೆಂದು ಆ ಮಾತನ್ನು ತಳ್ಳಿಹಾಕುವುದೂ ಸರಿಯಲ್ಲ. ಅಲ್ಲಿ ಗಮನಿಸಬೇಕಾದುದು ಗಿರಿಯೊಂದರ ಹೆಸರನ್ನಲ್ಲ, ಗಿರಿಯ ಜೊತೆಗೆ ಪುರವನ್ನು ಹೇಳಿರುವ ರೀತಿಯನ್ನು. ಪಟ್ಟಣವೊಂದು, ಕೋಟೆಯೊಂದು, ನಾಡೊಂದು. ಈ ಮೂರೂ ಕೂಡಿದರೆ ರಾಜ್ಯ. ಶಾಸನಕವಿಯು ತನ್ನ ಕಾಲದ ಕಲ್ಪನೆಯನ್ನು ಹಿಂದಿನ ಕಾಲಕ್ಕೆ ಆರೋಪಿಸಿರಬಹುದು. ಆದರೂ ಈ ನಾಡಿನಲ್ಲಿ ಅರಸುತನವೆಂದರೆ ಹೇಗಿರಬೇಕೆಂದು ಜನರು ತಿಳಿದಿದ್ದರೆಂಬುದು ಅದರಿಂದ ಗೊತ್ತಾಗುತ್ತದೆ. ಬೆಟ್ಟವು ಒಂಟಿಯಾಗಿ ದುರ್ಗವಾಗುವುದಿಲ್ಲ.

ಕಾಲವು ಖಚಿತವಾಗಿರುವ ಹಳೆಯ ಆಧಾರಗಳು ದೊರೆಯುವುದು ಬೆಟ್ಟದ ಮೇಲಲ್ಲ, ಬುಡದಲ್ಲಿ. ತಪ್ಪಲಿನ ನಂದಿಗ್ರಾಮದ ಭೋಗನಂದೀಶ್ವರ ದೇವಾಲಯಕ್ಕೆ ಸಂಬಂಧಪಟ್ಟ ನೊಳಂಬರ ಶಾಸನವು ಕ್ರಿ.ಶ. 806ರದು. ಚಿಕ್ಕಬಳ್ಳಾಪುರದಲ್ಲಿ ದೊರೆತ ಕ್ರಿ.ಶ. 810ರ ತಾಮ್ರಶಾಸನವು ರಾಷ್ಟ್ರಕೂಟ ಮೂರನೆಯ ಗೋವಿಂದನ ಕಾಲದ್ದು. ಬಾಣವಂಶದ ಅರಸನ ರಾಣಿ ರತ್ನಾವಳಿಯು ನಂದಿಯಲ್ಲಿ ಶಿವಾಲಯವನ್ನು ಕಟ್ಟಿಸಿದ ವಿಷಯವು ಅದರಿಂದ ತಿಳಿಯುತ್ತದೆ. ಹತ್ತಿರದ ಗೋಪಿನಾಥನ ಗುಡ್ಡದ ಬಂಡೆಯ ಮೇಲೆ ಸುಮಾರು 8ನೆಯ ಶತಮಾನದ ಜೈನಶಾಸನವೊಂದು ಇದ್ದು, ಅಲ್ಲಿ ಚೈತ್ಯಾಲಯವಿದ್ದುದನ್ನು ಹೇಳುತ್ತದೆ. ಗಂಗರು, ಬಾಣರು, ನೊಳಂಬರು, ಅನಂತರ ಚೋಳರು, ಹೊಯ್ಸಳರು, ವಿಜಯನಗರದವರು ಎಲ್ಲರೂ ಈ ತಪ್ಪಲಿಗೆ ಬಂದು ದತ್ತಿ ಬಿಟ್ಟಿದ್ದಾರೆ, ಮಂಟಪ ಕಟ್ಟಿಸಿದ್ದಾರೆ, ಕಲ್ಯಾಣಿಯನ್ನು ತೆಗೆಯಿಸಿದ್ದಾರೆ. ಜನರ ನಂಬಿಕೆಯಲ್ಲಿ ಬುಡದ ಈಶ್ವರನು ಭೋಗನಂದಿ, ನೆತ್ತಿಯ ಮೇಲಿನವನು ಯೋಗನಂದಿ. ಕೆಳಗೆ ಉತ್ಸವ, ಸಂತೆ, ಸಂಸಾರ, ಮೇಲೆ ಏಕಾಂತ. ಕೋಟೆಯ ವಿಚಾರಕ್ಕೂ ಈ ಹೆಸರುಗಳಿಗೂ ನೇರವಾದ ಸಂಬಂಧವನ್ನು ಕಲ್ಪಿಸುವುದು ಸಾಹಸವಾದೀತು. ಆದರೂ ಬದುಕುವ ಎಡೆ ಒಂದು, ಹಿಂಜರಿದು ಕುಳಿತುಕೊಳ್ಳುವ ಎಡೆ ಇನ್ನೊಂದು ಎಂಬ ವಿಭಾಗವು ಇಲ್ಲಿ ದೇವರಿಗೂ ಅರಸರಿಗೂ ಸಮಾನವಾಗಿ ಒಪ್ಪಿದೆ.

ಶಾಸ್ತ್ರಕಾರರೂ ಗಿರಿದುರ್ಗವನ್ನು ಹೀಗೆಯೇ ತಿಳಿದಿದ್ದರು. ಮೈಸೂರಿನ ಪ್ರಾಚ್ಯಕೋಶಾಗಾರದಲ್ಲಿ ದೊರೆತು ಆರ್. ಶಾಮಶಾಸ್ತ್ರಿಗಳಿಂದ 1909ರಲ್ಲಿ ಅಚ್ಚಾದ ಕೌಟಿಲ್ಯನ ಅರ್ಥಶಾಸ್ತ್ರವು ಔದಕ, ಪಾರ್ವತ, ಧಾನ್ವನ, ವನ ಎಂದು ದುರ್ಗಗಳನ್ನು ನಾಲ್ಕು ವಿಧವಾಗಿ ಎಣಿಸುತ್ತದೆ. ಮನುವು ದುರ್ಗಗಳಲ್ಲೆಲ್ಲ ಗಿರಿದುರ್ಗವೇ ಮೇಲೆಂದು ಹೇಳುತ್ತಾನೆ. ಆದರೆ ಇಬ್ಬರೂ ದುರ್ಗದೊಳಗೆ ಧಾನ್ಯ, ನೀರು, ಮೇವು, ಆಯುಧಗಳನ್ನು ತುಂಬಿಡಬೇಕೆಂಬುದನ್ನು ಮರೆಯುವುದಿಲ್ಲ. ಇವುಗಳಲ್ಲಿ ನೀರೊಂದನ್ನು ಬಿಟ್ಟರೆ ಮಿಕ್ಕುದೆಲ್ಲವೂ ಬಯಲಿನಿಂದಲೇ ಮೇಲಕ್ಕೆ ಹೋಗಬೇಕು.

ಇದೇ ಪದ್ಧತಿಯು ಬಹುದೂರದ ಕೊರಿಯಾ ದೇಶದಲ್ಲಿ ಇನ್ನೂ ನಿಚ್ಚಳವಾಗಿ ಕಾಣುತ್ತದೆ. ಅಲ್ಲಿ ಬೆಟ್ಟದ ಕೋಟೆಗೆ ಸಾನ್‌ಸೊಂಗ್ ಎಂದು ಹೆಸರು. ಸಾನ್ ಎಂದರೆ ಬೆಟ್ಟ, ಸೊಂಗ್ ಎಂದರೆ ಕೋಟೆ. ಪ್ರಾಚೀನ ಕೊಗುರ್ಯೊ ರಾಜ್ಯದವರು ನದೀತೀರದ ಬಯಲಿನಲ್ಲಿ ಗುಂಗ್ನೆ ಎಂಬ ರಾಜಧಾನಿಯನ್ನೂ, ಅದಕ್ಕೆ ಹತ್ತಿರವಾದ ಬೆಟ್ಟದಲ್ಲಿ ಹ್ವಾಂಡೊ ಎಂಬ ದುರ್ಗವನ್ನೂ ಜೊತೆಜೊತೆಯಾಗಿ ಇಟ್ಟುಕೊಂಡಿದ್ದರು. ಇವೆರಡರ ಅವಶೇಷಗಳು ಈಗ ಚೀನಾದೇಶದ ಜೀಆನ್ ಎಂಬಲ್ಲಿ ಇವೆ. ಶಾಂತಿಯ ಕಾಲದಲ್ಲಿ ಬಯಲು, ಯುದ್ಧಕಾಲದಲ್ಲಿ ಬೆಟ್ಟ. ಕ್ರಿ.ಶ. 244ರಲ್ಲಿ ವೇಯ್ ರಾಜ್ಯದ ಸೈನ್ಯವು ಹ್ವಾಂಡೊವನ್ನು ಹಿಡಿದು ಹಾಳುಮಾಡಿತು. ಇನ್ನೂ ಬೋಧಪ್ರದವಾದುದು ಸೋಲ್ ಪಟ್ಟಣದ ಬಳಿಯ ನಾಮ್‌ಹಾನ್ ದುರ್ಗದ ಕಥೆ. 1636ರ ಚಳಿಗಾಲದಲ್ಲಿ ಮಂಚೂ ಸೈನ್ಯವು ದಂಡೆತ್ತಿ ಬಂದಾಗ ಇಂಜೊ ಎಂಬ ಅರಸನು ಈ ಬೆಟ್ಟವನ್ನು ಸೇರಿದನು. ಶತ್ರುಗಳು ಕೋಟೆಯನ್ನು ಒಡೆದು ಒಳಹೊಗಲಿಲ್ಲ. ಆದರೆ ಕೆಳಗಿನ ನಾಡೆಲ್ಲ ಅವರ ಕೈಯಲ್ಲಿದ್ದುದರಿಂದ, 47 ದಿನಗಳಾದಮೇಲೆ ಅರಸನು ತಾನೇ ಇಳಿದುಬಂದು ಶರಣಾಗಬೇಕಾಯಿತು. ಗೋಡೆಯು ಸೋಲಲಿಲ್ಲ, ಕಣಜವು ಸೋತಿತು.

ಈ ದೃಷ್ಟಿಯಿಂದ ನಂದಿಯ ಕಡೆಗೆ ಮರಳಿದರೆ, ಪಾಳೆಯಗಾರರ ಕಾಲದ ಚರಿತ್ರೆಯು ತಾನಾಗಿಯೇ ಬಿಡಿಸಿಕೊಳ್ಳುತ್ತದೆ. ಈಗಿನ ದೇವನಹಳ್ಳಿ ತಾಲ್ಲೂಕಿನ ಆವತಿಯು ಈ ಪಾಳೆಯಗಾರರ ತವರು. ಕಂಚಿಯ ಕಡೆಯಿಂದ ಬಂಡಿಗಳಲ್ಲಿ ಹೊರಟುಬಂದ ಮೊರಸು ಒಕ್ಕಲಿನ ಕುಟುಂಬಗಳು ರಣಭೈರೇಗೌಡನೆಂಬ ಹಿರಿಯನೊಡನೆ ನಂದಿಯ ಪೂರ್ವದ ರಾಮಸ್ವಾಮಿಬೆಟ್ಟದ ಬುಡದಲ್ಲಿ ಬೀಡುಬಿಟ್ಟು ಆವತಿಯನ್ನು ಕಟ್ಟಿದವೆಂದು ಐತಿಹ್ಯ. ಈ ಗುಂಪಿನಿಂದ ಕವಲೊಡೆದವರು ದೇವನಹಳ್ಳಿ, ದೊಡ್ಡಬಳ್ಳಾಪುರ, ಚಿಕ್ಕಬಳ್ಳಾಪುರ, ಹೊಳವನಹಳ್ಳಿಗಳಲ್ಲಿ ಮನೆತನಗಳನ್ನು ನೆಲೆಗೊಳಿಸಿದರು. ಯಲಹಂಕದ ನಾಡಪ್ರಭುಗಳ ಮೂಲವನ್ನೂ ಇದೇ ವಲಸೆಗೆ ಸೇರಿಸಿ ಹೇಳುವುದುಂಟು. ಮಲ್ಲಭೈರೇಗೌಡನು 1501ರಲ್ಲಿ ದೇವನದೊಡ್ಡಿಯಲ್ಲಿ ಕೋಟೆ ಹಾಕಿಸಿ ಅದನ್ನು ದೇವನಹಳ್ಳಿಯಾಗಿ ಮಾಡಿದನು. ಇವೆಲ್ಲವೂ ಬಯಲಿನ ಊರುಗಳು. ಕೆರೆಯ ಹಿಂದೆ ಗದ್ದೆ, ಗದ್ದೆಯ ನಡುವೆ ಮಣ್ಣಿನ ಕೋಟೆ, ಕೋಟೆಯೊಳಗೆ ಸಂತೆಪೇಟೆ. ಬೆಟ್ಟವು ಚಿಕ್ಕಬಳ್ಳಾಪುರದವರ ಪಾಲಿಗೆ ಬಂದಿದ್ದಿತು. ಅವರು ನಂದಿಯ ಮೇಲೆ ಅಲ್ಪಸ್ವಲ್ಪ ಕಟ್ಟಡಗಳನ್ನು ಮಾಡಿಸಿದ್ದರು; ವಾಸಕ್ಕಾಗಿ ಅಲ್ಲ, ಓಡಿಹೋಗಿ ಸೇರುವುದಕ್ಕಾಗಿ.

ಆ ಓಟದ ದಿನವೂ ಬಂದಿತು. 1749ರಲ್ಲಿ ಮೈಸೂರಿನ ಸೈನ್ಯವು ನಂಜರಾಜಯ್ಯನ ನೇತೃತ್ವದಲ್ಲಿ ದೇವನಹಳ್ಳಿಯನ್ನು ಮುತ್ತಿ ಹಿಡಿಯಿತು. ಸಾಧಾರಣ ಸವಾರನಾಗಿದ್ದ ಹೈದರನು ಮೊದಲು ಹೆಸರು ಪಡೆದುದು ಈ ಮುತ್ತಿಗೆಯಲ್ಲಿಯೇ. ಅವನ ಮಗ ಟಿಪ್ಪುವು ಹುಟ್ಟಿದುದೂ ದೇವನಹಳ್ಳಿಯಲ್ಲಿಯೇ. ಹತ್ತು ಹನ್ನೆರಡು ವರ್ಷಗಳ ಮೇಲೆ ಅದೇ ಹೈದರನು ಸೇನಾನಾಯಕನಾಗಿ ಚಿಕ್ಕಬಳ್ಳಾಪುರದ ಮೇಲೆ ಬಂದನು. ಗುತ್ತಿಯ ಮುರಾರಿರಾಯನ ನೆರವು ಪಾಳೆಯಗಾರನಿಗೆ ಸಾಲದೆ ಹೋಯಿತು. ಪಟ್ಟಣವು ಬೀಳುವ ವೇಳೆಗೆ ಅವನು ನಂದಿಯನ್ನು ಏರಿದ್ದನು. ಆದರೆ ಕೆಳಗಿನ ಊರು, ಕೆರೆ, ಕಣಗಳೆಲ್ಲವೂ ಪರರ ಪಾಲಾದಮೇಲೆ ಎಷ್ಟುದಿನ ಮೇಲಿರಬಹುದು? ಕಡೆಗೆ ಅವನು ಸೆರೆಯಾದನು. ಆವತಿಯ ಗೌಡರಲ್ಲಿ ಬೆಟ್ಟವನ್ನು ಹತ್ತಿ ನಿಂತವನ ಗತಿಯು ನಾಮ್‌ಹಾನ್ ದುರ್ಗದ ಅರಸನ ಗತಿಗಿಂತ ಭಿನ್ನವಾಗಲಿಲ್ಲ.

ಈಗ ನಂದಿಯ ಮೇಲೆ ನಿಂತಿರುವ ಗೋಡೆಗಳು ಬಹುಮಟ್ಟಿಗೆ ಇದಾದಮೇಲಿನವು; ಹೈದರ್ ಮತ್ತು ಟಿಪ್ಪು ಇವರ ಕಾಲದವು. ಕಟ್ಟಿದ ರೀತಿಯನ್ನು ನೋಡಿದರೆ, ಕಟ್ಟಿಸಿದವರು ಬೆಟ್ಟದ ಸ್ವಭಾವವನ್ನು ಚೆನ್ನಾಗಿ ಓದಿಕೊಂಡಿದ್ದರೆಂದು ತಿಳಿಯುತ್ತದೆ. ಬೆಟ್ಟದ ಸುತ್ತ ಬಹುಭಾಗ ಕಡಿದಾದ ಬಂಡೆ. ಅಲ್ಲಿ ಸೃಷ್ಟಿಯೇ ಕೋಟೆಯನ್ನು ಕಟ್ಟಿಟ್ಟಿದೆ. ಮನುಷ್ಯನು ಅಂಚಿನಲ್ಲಿ ಒಂದು ಸಾಲು ಗೋಡೆಯನ್ನು ಎಳೆದರೆ ಸಾಕಾಗಿದ್ದಿತು. ಪಡುವಣ ಮುಖವೊಂದೇ ಇಳಿಜಾರು. ಆ ಕಡೆ ಒಂದರ ಹಿಂದೊಂದು ಎರಡು ಭದ್ರವಾದ ಗೋಡೆಗಳು, ನಡುನಡುವೆ ಬುರುಜುಗಳು, ಬಾಗಿಲನ್ನು ಮರೆಮಾಡುವ ಹೊರಗಟ್ಟು. ಅಡಿಯಲ್ಲಿ ದೊಡ್ಡ ದೊಡ್ಡ ಕಣಶಿಲೆಯ ಕಲ್ಲು. ಮೇಲೆ ಇಟ್ಟಿಗೆ ಗಾರೆಗಳ ತೆನೆಗಳು, ಬಂದೂಕದ ಕಂಡಿಗಳು. ಬತೇರಿಯನ್ನೂ ಬಂದೂಕವನ್ನೂ ಅರಿಯದ ಕಾಲದವರು ಇಂತಹ ಕಂಡಿಗಳನ್ನು ಬಿಡುವುದಿಲ್ಲ. ಆದುದರಿಂದ ಈ ಮೇಲ್ಗಟ್ಟನ್ನು ಗಂಗರಿಗೆ ಆರೋಪಿಸುವುದು ಎಷ್ಟುಮಾತ್ರಕ್ಕೂ ಸಲ್ಲದು.

ನೆತ್ತಿಯ ಹರಹಿನ ನಡುವೆ ತಗ್ಗಾದ ಎಡೆಯಲ್ಲಿ ಅಮೃತಸರೋವರವೆಂಬ ಕೊಳವಿದೆ. ಒರತೆಯ ನೀರು, ಸುತ್ತಲೂ ಮೆಟ್ಟಿಲು. ಬೆಟ್ಟದ ಕೋಟೆಯನ್ನು ನೋಡಲು ಹೋದವರು ಮೊದಲು ನೋಡಬೇಕಾದುದು ಇದನ್ನೇ. ಬಂಡೆಯ ಮೇಲಿನ ದೊಣೆಗಳು ಮಳೆಗಾಲದ ಮೇಲೆ ಕೆಲವು ತಿಂಗಳಿಗೆ ಆಗುವುವು. ವರ್ಷವಿಡೀ ಪಾಳೆಯವು ಇರಬೇಕಾದರೆ ಬತ್ತದ ನೀರು ಬೇಕು. ನಂದಿಯ ಯೋಗನಂದೀಶ್ವರನ ಗುಡಿಯೂ, ಟಿಪ್ಪುವಿನ ಮಹಲೂ, ಕಾವಲಿನವರ ನೆಲೆಗಳೂ ಈ ನೀರನ್ನು ನಂಬಿ ನಿಂತುವು. ಪಕ್ಕದ ಸ್ಕಂದಗಿರಿ, ಎಂದರೆ ಕಳವಾರದುರ್ಗದ ಮೇಲೆಯೂ ಕೋಟೆಯ ಗೋಡೆಗಳಿವೆ. ಆದರೆ ಅದು ನಂದಿಯಷ್ಟು ಹೆಸರಾಗಲಿಲ್ಲ.

ಈ ಕೋಟೆಯ ಬಲಾಬಲಗಳ ಪರೀಕ್ಷೆಯು ನಡೆದುದು 1791ರಲ್ಲಿ. ಆ ವರ್ಷ ಮಾರ್ಚಿ ತಿಂಗಳ 21ರಂದು ಕಾರ್ನ್‌ವಾಲೀಸನು ಬೆಂಗಳೂರಿನ ಕೋಟೆಯನ್ನು ಹಿಡಿದನು. ನಿಜಾಮನ ಕುದುರೆಯ ದಂಡನ್ನು ಕೂಡಿಕೊಳ್ಳಲು ಅವನು ಉತ್ತರಕ್ಕೆ ನಡೆದಾಗ ದೇವನಹಳ್ಳಿಯೂ ಚಿಕ್ಕಬಳ್ಳಾಪುರವೂ ಕಾಳಗವಿಲ್ಲದೆ ಕೈಸೇರಿದುವು. ನಂದಿಯು ಮಾತ್ರ ಟಿಪ್ಪುವಿನ ಬಾವುಟದ ಕೆಳಗೆ ಉಳಿಯಿತು. ಶ್ರೀರಂಗಪಟ್ಟಣದ ಮೇಲಿನ ಮೊದಲ ದಂಡಯಾತ್ರೆಯು ಮೇ ತಿಂಗಳಲ್ಲಿ ಮುರಿದುಬಿದ್ದಮೇಲೆ, ಆಹಾರಸಾಮಗ್ರಿಯ ದಾರಿಗಳನ್ನು ಭದ್ರಪಡಿಸಿಕೊಳ್ಳದೆ ಮತ್ತೆ ಹೊರಡಕೂಡದೆಂದು ಇಂಗ್ಲಿಷರು ನಿಶ್ಚಯಿಸಿದರು. ಬೆಂಗಳೂರಿನಿಂದ ನಿಜಾಮನ ಸೀಮೆಗೆ ಹೋಗುವ ದಾರಿಯ ಮೇಲೆ ನಂದಿಯ ಕಾವಲಿನವರ ಕಣ್ಣಿದ್ದಿತು. ಎತ್ತಿನ ಹೇರುಗಳು ನಿರ್ಭಯವಾಗಿ ಬರಬೇಕಾದರೆ ಆ ಕಣ್ಣನ್ನು ಮುಚ್ಚಬೇಕಾಗಿದ್ದಿತು. ದುರ್ಗಕ್ಕೆ ಆಗ ಇದ್ದ ಬೆಲೆಯು ಅದರ ಎತ್ತರದಿಂದ ಬಂದುದಲ್ಲ, ಅದು ಕೆಳಗಿನ ಹೆದ್ದಾರಿಗೆ ಕೊಡಬಹುದಾಗಿದ್ದ ಕಾಟದಿಂದ ಬಂದುದು.

ಮೇಜರ್ ಗೌಡೀ ಎಂಬವನು ಸೆಪ್ಟೆಂಬರಿನಲ್ಲಿ ರಹಮಾನ್‌ಘಡವನ್ನು ಹಿಡಿದು, ಅದೇ ತಿಂಗಳ ಕಡೆಯ ಭಾಗದಲ್ಲಿ ನಂದಿಯ ಬುಡಕ್ಕೆ ಬಂದನು. ಮೇಲೆ ಲುತ್ಫ್ ಆಲಿ ಬೇಗನು ಕಾವಲಿನ ಸರದಾರನಾಗಿದ್ದನು. ಮೊದಲು ಎದುರಿನ ಗುಡ್ಡವೊಂದಕ್ಕೆ ಬಹು ಪ್ರಯಾಸದಿಂದ ದಾರಿ ಕಡಿದು ಫಿರಂಗಿಗಳನ್ನು ಏರಿಸಿದರು. ಗುಂಡುಗಳು ಅಷ್ಟು ದೂರದಿಂದ ಗೋಡೆಯನ್ನು ಒಡೆಯಲಾರವೆಂದು ಅನಂತರ ತಿಳಿಯಿತು. ಆಮೇಲೆ ನಂದಿಯ ಇಳಿಜಾರಿನಲ್ಲಿಯೇ ದಾರಿ ಮಾಡಿ, ಮೇಲಿನಿಂದ ಗುಂಡು ಬೀಳುತ್ತಿರುವಾಗ, ಆನೆಗಳ ಸಹಾಯದಿಂದ ಫಿರಂಗಿಗಳನ್ನು ಒಂದೊಂದಾಗಿ ಎಳೆದರು. ಆನೆಗಳಿಲ್ಲದಿದ್ದರೆ ಈ ಕೆಲಸವು ಸಾಧ್ಯವಾಗುತ್ತಿರಲಿಲ್ಲವೆಂದು ಆ ಕಾಲದ ಇಂಗ್ಲಿಷ್ ಲೇಖಕರೇ ಒಪ್ಪಿಕೊಂಡಿದ್ದಾರೆ. ಸುಮಾರು ಮೂರು ವಾರಗಳ ಕೆಲಸದ ಮೇಲೆ ಹೊರಗೋಡೆಯಲ್ಲಿ ಒಂದು, ಹೊರಗಟ್ಟಿನಲ್ಲಿ ಒಂದು, ಹೀಗೆ ಎರಡು ಬಿರುಕುಗಳಾದುವು. ಇಲ್ಲಿ ಒಂದು ಸಂಗತಿಯನ್ನು ಗಮನಿಸಬೇಕು. ಟಿಪ್ಪುವಿನ ಕೆಲಸದವರು ಎರಡು ಗೋಡೆಗಳ ಹೊರಗೆ ಮೂರನೆಯ ಗೋಡೆಗೆ ಅಸ್ತಿಭಾರ ಹಾಕಿದ್ದರು. ಅದು ಮೇಲೇಳುವುದರೊಳಗೆ ಯುದ್ಧವು ಬಂದಿತು. ಆ ಅರ್ಧಂಬರ್ಧ ಗೋಡೆಯೇ ಕಡೆಯಲ್ಲಿ ಮುತ್ತಿಗೆಯವರಿಗೆ ಮರೆಯಾಗಿ ಒದಗಿತು.

ಕಾರ್ನ್‌ವಾಲೀಸನು ತನ್ನ ಮುಖ್ಯಸೈನ್ಯವನ್ನು ಬೆಟ್ಟಕ್ಕೆ ಸಮೀಪವಾಗಿ ತಂದು ನಿಲ್ಲಿಸಿ, ಲಗ್ಗೆಯ ಭಾರವನ್ನು ಜನರಲ್ ಮೆಡೋಸನಿಗೆ ಒಪ್ಪಿಸಿದನು. ಅಕ್ಟೋಬರ್ 19ರ ಬೆಳಗಿನ ಜಾವ ಚಂದ್ರನು ಮೂಡುವ ಹೊತ್ತಿಗೆ ಲಗ್ಗೆಯು ಹೊರಟಿತು. ಬೆಟ್ಟದಲ್ಲಿ ಶತ್ರುವು ಸುರಂಗಮದ್ದನ್ನು ಹೂಳಿರುವನೆಂಬ ಪಿಸುಮಾತು ಹಬ್ಬಿದಾಗ ಮೆಡೋಸನು, ಇಂಗ್ಲಿಷಿನಲ್ಲಿ ಸುರಂಗಕ್ಕೂ ಗಣಿಗೂ ಒಂದೇ ಪದವಿರುವುದನ್ನು ಹಿಡಿದು, ಇದ್ದರೆ ಅದು ಚಿನ್ನದ ಗಣಿಯಾಗಿರುವುದೆಂದು ನಗೆಯಾಡಿದನಂತೆ. ಮೇಲಿನವರು ಫಿರಂಗಿ ಬಂದೂಕಗಳಿಗಿಂತ ಹೆಚ್ಚಾಗಿ ದೊಡ್ಡ ದೊಡ್ಡ ಬಂಡೆಗಳನ್ನು ಉರುಳಿಸಿ ಹಾನಿ ಮಾಡಿದರು. ಎಷ್ಟು ನೂರು ವರ್ಷ ಹಿಂದಿನ ಕಾವಲುಗಾರನಾದರೂ ಮಾಡುತ್ತಿದ್ದುದು ಇದನ್ನೇ. ಹೊಸ ಬಗೆಯ ಗೋಡೆಗಳ ಮೇಲೆ ಹಳೆಯ ಬಗೆಯ ಆಯುಧವೇ ಹೆಚ್ಚು ಕೆಲಸ ಮಾಡಿತು. ಹೊರಗೋಡೆಯನ್ನು ದಾಟಿದವರು ಓಡುವವರ ಬೆನ್ನಟ್ಟಿ ಒಳಗೋಡೆಯ ಬಾಗಿಲನ್ನು ಸೇರಿದುದರಿಂದ ಅದನ್ನು ಭದ್ರಪಡಿಸಲು ಒಳಗಿನವರಿಗೆ ವೇಳೆಯಾಗಲಿಲ್ಲ. ಕಿಲ್ಲೇದಾರನು ಸೆರೆಯಾದನು, ಅನೇಕರು ಗೋಡೆಯ ತಗ್ಗಾದ ಎಡೆಯಿಂದ ಇಳಿದು ತಪ್ಪಿಸಿಕೊಂಡರು. ಹಿಡಿಯಲಾಗದೆಂದು ಹೆಸರಾಗಿದ್ದ ದುರ್ಗವು ಹೀಗೆ ಬಿದ್ದಿತು. ಅದೇ ವರ್ಷ ಡಿಸೆಂಬರಿನಲ್ಲಿ ಸಾವನದುರ್ಗವೂ ಹುತ್ರಿದುರ್ಗವೂ ಇನ್ನೂ ಕಡಮೆ ದಿನಗಳಲ್ಲಿ ಬಿದ್ದುವು. ಕೆಳಗಿನ ಬಯಲು ಒಮ್ಮೆ ಕೈತಪ್ಪಿದಮೇಲೆ ಮೇಲಿನವು ಒಂದೊಂದಾಗಿ ಉದುರಿದುವು.

ಇದಕ್ಕೆ ಇಪ್ಪತ್ತೊಂದು ವರ್ಷ ಮೊದಲು ನೆಲಮಂಗಲ ಸೀಮೆಯ ನಿಜಗಲ್ಲಿನಲ್ಲಿ ನಡೆದುದು ಬೇರೆ ರೀತಿಯದು. ತುಮಕೂರಿನ ಹೆದ್ದಾರಿಯ ಪಕ್ಕದಲ್ಲಿ ದಾಬಸ್‌ಪೇಟೆಗೆ ಹತ್ತಿರವಾಗಿರುವ ಈ ಸಣ್ಣ ಬೆಟ್ಟದ ಕೋಟೆಯನ್ನು 1770ರಲ್ಲಿ ಪೇಶ್ವೆ ಮಾಧವರಾಯನು ಮುತ್ತಿದನು. ಒಳಗೆ ಹೈದರನ ಸರದಾರ ಸರ್ದಾರ್‌ಖಾನನಿದ್ದನು. ಮರಾಠರ ಲಗ್ಗೆಗಳು ಮತ್ತೆ ಮತ್ತೆ ಹಿಮ್ಮೆಟ್ಟಿದುವು. ಕಡೆಗೆ ಚಿತ್ರದುರ್ಗದ ಮದಕರಿನಾಯಕನ ಬೇಡರು ಬಂಡೆಯನ್ನು ಏರಿ ಕೋಟೆಯನ್ನು ಹಿಡಿದರು. ಬಂಡೆಯ ಮೇಲೆಯೇ ಹುಟ್ಟಿ ಬೆಳೆದವರಿಗೆ ಬಂಡೆಯು ಅಡ್ಡಿಯಾಗಲಿಲ್ಲ. ಸೋಲಿನಿಂದ ಕೆರಳಿದ್ದ ಪೇಶ್ವೆಯು ಸೆರೆಯಾದವರ ಕಿವಿ ಮೂಗುಗಳನ್ನು ಕುಯ್ಯಿಸಿದನೆಂದೂ, ಸರ್ದಾರ್‌ಖಾನನನ್ನು ಎದುರಿಗೆ ತಂದಾಗ ಅವನು ಅಂಜದೆ, ಅಂಗಭಂಗವು ತನ್ನದಾದರೂ ಅಪಕೀರ್ತಿಯು ಪೇಶ್ವೆಯದೆಂಬ ಅರ್ಥದ ಉತ್ತರವನ್ನು ಕೊಟ್ಟನೆಂದೂ, ಪೇಶ್ವೆಯು ನಾಚಿ ಅವನನ್ನು ಮುಟ್ಟದೆ ಬಿಡಿಸಿದನೆಂದೂ ವಿಲ್ಕ್ಸ್ ದೊರೆಯು ತನ್ನ ಮೈಸೂರು ಚರಿತ್ರೆಯಲ್ಲಿ ಬರೆದಿದ್ದಾನೆ. ದೊಡ್ಡಬಳ್ಳಾಪುರದಿಂದ ಗೌರಿಬಿದನೂರಿಗೆ ಹೋಗುವ ರೈಲುದಾರಿಯ ಪಕ್ಕದ ಮಾಕಳಿದುರ್ಗವು ಈ ವರ್ಗಕ್ಕೆ ಸೇರಿದ ಮತ್ತೊಂದು ಬೆಟ್ಟ. ಮೇಲೆ ಮಲ್ಲೇಶ್ವರನ ಗುಡಿ, ಹಾಳು ಗೋಡೆಗಳು.

ಯುದ್ಧಗಳು ಮುಗಿದಮೇಲೆ ನಂದಿಯು ದುರ್ಗವಾಗಿ ಉಳಿಯಲಿಲ್ಲ. ಕಮಿಷನರಾಗಿದ್ದ ಸರ್ ಮಾರ್ಕ್ ಕಬ್ಬನ್ನನು ಅಲ್ಲಿ ಬಂಗಲೆಯನ್ನು ಕಟ್ಟಿಸಿ ಬೇಸಿಗೆಯನ್ನು ಕಳೆಯುತ್ತಿದ್ದನು. ಗಾಂಧಿಯವರು 1927ರಲ್ಲಿ ದೇಹಾರೋಗ್ಯಕ್ಕಾಗಿಯೂ, ಪುನಃ 1936ರಲ್ಲಿಯೂ ಅಲ್ಲಿ ತಂಗಿದ್ದರು. ಬೆಟ್ಟದ ಮೇಲಿನ ಗೋಡೆಗಳನ್ನು ನೋಡಲು ಜನರು ಈಗಲೂ ಹೋಗುತ್ತಾರೆ. ಆದರೆ ಆವತಿಯ ಬುಡದ ನೆಲವನ್ನೂ, ನಂದಿಗ್ರಾಮದಿಂದ ಮೇಲೆ ಹೋಗುವ ಹಳೆಯ ಮೆಟ್ಟಿಲುದಾರಿಯನ್ನೂ, ದೇವನಹಳ್ಳಿ ಚಿಕ್ಕಬಳ್ಳಾಪುರಗಳಿಂದ ಬೆಟ್ಟಕ್ಕೆ ಹೇರು ಸಾಗುತ್ತಿದ್ದ ಜಾಡುಗಳನ್ನೂ, ನಡುವಿನ ಕೆರೆಗಳನ್ನೂ ಕೋಟೆಯ ಅಂಗಗಳೆಂದು ತಿಳಿದು ಅಳೆದು ನಕ್ಷೆಮಾಡುವುದು ಸಂಶೋಧಕರಿಗೆ ಉಳಿದಿರುವ ಕೆಲಸ. ದೇವನಹಳ್ಳಿಯ ಸುತ್ತ ಭೂಮಿಯ ರೂಪವು 2008ರಲ್ಲಿ ವಿಮಾನನಿಲ್ದಾಣವಾದ ಮೇಲೆ ಬೇಗ ಬೇಗ ಬದಲಾಗುತ್ತಿರುವುದರಿಂದ, ಮೇಲಿನ ಗೋಡೆಗಳಿಗಿಂತ ಕೆಳಗಿನ ಜಾಡುಗಳನ್ನು ಮೊದಲು ಗುರುತಿಸುವುದು ಆವಶ್ಯಕ.